ಫ್ರೇನ್

ಕೋರ್ಟಿನ ಹೊರಗೋಡೆಗೆ ಹತ್ತಿಕೊಂಡೇ ನನ್ನ ಟೇಬಲ್ಲು,
ಗಿಡ್ಡ ಕಾಲಿಗೆ ಇಟ್ಟಂಗಿಯ ಚೂರು.
ಇಪ್ಪತ್ತೆರಡು ವರ್ಷ ಒಂದೇ ಸಾಲು ಬಡಿದಿದ್ದೇನೆ:
ಅರ್ಜಿದಾರರು ಪ್ರೇ ಮಾಡುತ್ತಾರೆ.
‘ಪಿ’ ಕೀಲಿ ಸವೆದಿದೆ. ಅಕ್ಷರದ ಹೊಟ್ಟೆಯೊಳಗೆ
ಮಸಿ ಕಟ್ಟಿ ಕಣ್ಣು ಮುಚ್ಚಿದೆ.

ಇವತ್ತು ಕಂಗ್ರಾಳಿಯ ತಾನೂಬಾಯಿ ಬಂದಿದ್ದಳು.
ಅಣ್ಣತಮ್ಮಂದಿರು ವಾಟ್ನಿ ಮಾಡಿಕೊಂಡು
ಉತಾರದಲ್ಲಿ ಇವಳ ಹೆಸರನ್ನೇ ಬಿಟ್ಟಿದ್ದಾರೆ.
ಅಂಕಲಗಿ ವಕೀಲರ ಇಂಗ್ಲಿಷ್ ಕರಡು,
ನಾನು ಬಿಡಿಸಿ ಹೇಳಬೇಕು, ಅವಳು ಹೂಂ ಅನ್ನಬೇಕು.
ಕೊನೆಯ ಸಾಲಿಗೆ ಅಂಗೈ ಅಡ್ಡ ಇಟ್ಟಳು.

‘ಪ್ರೇ ಅಂದ್ರ?’
‘ಪ್ರಾರ್ಥನಾ.’
‘ಅದು ದೇವರಿಗೆ. ಇದು ನಮ್ಮಪ್ಪನ ಹೊಲ.
ನಾ ಕೇಳಾಕ ಬಂದೇನಿ. ಕೇಳ್ತಾಳ ಅಂತ ಬರಿ.’

ವಕೀಲರು ಫೋನಿನಲ್ಲಿ ನಕ್ಕರು.
ಪದ್ಧತಿರೀ ಅದು, ಬಡೀರಿ ಸುಮ್ಮನ.

ಡ್ರಾವರಿನಲ್ಲಿ ಒಂದು ಡಿಕ್ಷನರಿ ಇದೆ ನನ್ನದು,
ರವಿವಾರ ಪೇಟೆಯ ರದ್ದಿಯಲ್ಲಿ ಕಿಲೋ ಲೆಕ್ಕಕ್ಕೆ ಸಿಕ್ಕದ್ದು,
ಕ್ಯಾಂಪಿನ ಯಾವುದೋ ಪಲ್ಟನ್ನಿನ ಮೊಹರು ಅರ್ಧ ಉಳಿದಿದೆ.
ಗಿರಾಕಿ ಇಲ್ಲದ ಮಧ್ಯಾಹ್ನ ಅದರೊಳಗಿನ
ಸತ್ತ ಪದಗಳಿಗೆ ಪೆನ್ಸಿಲ್ ಗುರುತು ಹಾಕುತ್ತೇನೆ.
ಹೀಗೇ ಒಂದು ದಿನ ಸಿಕ್ಕಿತ್ತು: ಫ್ರೇನ್.
ಪಕ್ಕದಲ್ಲೊಂದು ಸಣ್ಣ ಕಠಾರಿಯ ಚಿಹ್ನೆ,
ಅಂದರೆ ಈಗ ಯಾರ ಬಾಯಲ್ಲೂ ಇಲ್ಲ.
ಅರ್ಥ: ಕೇಳು, ವಿಚಾರಿಸು.

ಕೆಳಗೆ ಇರುವೆ ಸಾಲಿನಂಥ ಅಕ್ಷರಗಳಲ್ಲಿ ಬೇರು.
ಪ್ರೇ, ಫ್ರೇನ್ ಎರಡೂ ಒಂದೇ ಬೇರಿನವು.
ಒಂದು ಲ್ಯಾಟಿನ್ನಿನ ಮನೆಯಲ್ಲಿ ಬೆಳೆದು
ಇಗರ್ಜಿಗೆ ಹೋಯಿತು, ಮಂಡಿಯೂರಿತು,
ಆಮೇಲೆ ಕೋರ್ಟಿಗೆ ಬಂತು. ಬದುಕಿದೆ.
ಇನ್ನೊಂದು ನಿಂತೇ ಕೇಳಿತು.
ಅದರ ಹೆಸರು ಉತಾರದಿಂದ ಯಾವಾಗ ಬಿತ್ತೋ
ಯಾರೂ ಬರೆದಿಟ್ಟಿಲ್ಲ.

ಅದೇ ಬೇರು ಪೂರ್ವಕ್ಕೆ ಹರಿದು ಪ್ರಶ್ನೆ ಆಗಿದೆ.
ಪರೀಕ್ಷೆಯ ಹಾಳೆಯಲ್ಲಿ ನನ್ನ ಹೆದರಿಸುತ್ತಿದ್ದ ಪ್ರಶ್ನೆ!

ಸತ್ತದ್ದು ನಮ್ಮಲ್ಲೂ ಒಂದಿದೆ. ಮಾಸ್ತರರು
ಹಳಗನ್ನಡದ ತಾಸಿನಲ್ಲಿ ಹಲಗೆಯ ಮೇಲೆ ಬರೆದಿದ್ದರು:
ಬೆಸಗೊಳ್. ಕೇಳು ಎಂದರ್ಥ.
ಬೆಸ ಅಂದರೆ ಅಪ್ಪಣೆ, ಬೆಸ ಅಂದರೆ ಕೆಲಸ.
ಕೇಳಿದವರ ತಲೆಗೇ ಕೆಲಸ ಅಂತ
ಹಿಂದಿನ ಬೆಂಚಿನಲ್ಲಿ ನಾವು ನಕ್ಕಿದ್ದೆವು.
ಈಗ ಎದುರಿಗೆ ಕೂತವಳ ಚಪ್ಪಲಿ ನೋಡುತ್ತೇನೆ.
ಹನ್ನೊಂದು ಸಲ ತಲಾಠಿ ಚಾವಡಿ,
ನಾಕು ಸಲ ತಹಶೀಲ್ದಾರ ಕಚೇರಿ.
ಮಾಸ್ತರರು ಚಪ್ಪಲಿ ನೋಡಿ ಹೇಳಿದ್ದಿರಬೇಕು.

‘ವಾಟ್ನಿ ಹೊತ್ತಿನ್ಯಾಗ ನಿನ್ನ ಕೇಳಲಿಲ್ಲೇನ?’ ಅಂದೆ.
ಮಾತು ತಂತಾನೇ ತವರಿನ ಭಾಷೆಗೆ ಹೊರಳಿತು:
‘ಮಲಾ ಕುಣೀ ಪುಸಲಂ ನಾಯ್.’

ಪುಸಲಂ.
ಡಿಕ್ಷನರಿಯನ್ನು ಮತ್ತೆ ತೆರೆಯಬೇಕಾಗಲಿಲ್ಲ.
ಪ್ರಶ್ನೆ ಸವೆದು ಸವೆದು, ಸಂಸ್ಕೃತದ ಮಡಿ ಕಳಚಿ
ಭತ್ತದ ಗದ್ದೆಗೆ ಇಳಿದು ಪುಸ ಆಗಿದೆ.
ಅಲ್ಲೆಲ್ಲೋ ಮಂಜಿನ ನಾಡಿನಲ್ಲಿ
ಕಠಾರಿ ತಿಂದು ಬಿದ್ದ ಫ್ರೇನಿನ ತಂಗಿ
ಇಲ್ಲಿ ನನ್ನ ಸ್ಟೂಲಿನ ಮೇಲೆ ಕೂತು
ಎಲೆ ಅಡಿಕೆ ಮೆಲ್ಲುತ್ತಿದ್ದಾಳೆ.
ಇದನ್ನು ಯಾರಿಗೆ ಹೇಳಲಿ? ಚಹಾದ ಹುಡುಗನಿಗೆ ಹೇಳಿದೆ.
ಎರಡು ಕಪ್ಪಿನ ದುಡ್ಡು ಬಾಕಿ ಐತಿ ಅಂದ.

ಪ್ರೇ ಎಂದೇ ಬಡಿದೆ.
ಇನ್ನೊಂದು ಹೊಡೆದರೆ ಶಿರಸ್ತೇದಾರ ತಿರುಗಿ ಒಗೆಯುತ್ತಾನೆ.
ಅವಳಿಗೆ ಮಾತ್ರ ‘ಕೇಳ್ತಾಳ’ ಅಂತ ಓದಿ ಹೇಳಿದೆ.
ಕನ್ನಡದಲ್ಲಿ ಒಂದು ಅನುಕೂಲ:
ಬಾಯಿಗೂ ಕೇಳು, ಕಿವಿಗೂ ಕೇಳು.
ಕಿಟಕಿಯ ಆಚೆ ಇರುವವನು ಎರಡರಲ್ಲಿ
ಯಾವುದನ್ನು ಮಾಡುತ್ತಾನೋ ಗೊತ್ತಿಲ್ಲ.

ಹೆಬ್ಬೆಟ್ಟು ಒತ್ತಿದಳು. ಗೆರೆಗಳು ಚೆಂದ ಮೂಡಿದವು.
ಆಮೇಲೆ ಸೆರಗಿನ ತುದಿಗೆ ಬೆರಳು ತಿಕ್ಕತೊಡಗಿದಳು.
ಒರೆಸುವುದಕ್ಕೂ ಅವಳ ಭಾಷೆಯಲ್ಲಿ ಪುಸ ಅಂತಲೇ ಅನ್ನುತ್ತಾರೆ.
ಅದು ಬೇರೆ ಬೇರು. ದನಿಯಷ್ಟೇ ಒಂದು.
ಉಜ್ಜಿದಳು, ಉಗುಳು ಹಚ್ಚಿ ಉಜ್ಜಿದಳು,
ನೀಲಿ ಹೋಗಲಿಲ್ಲ.
‘ಇರಲಿ ಬಿಡು’ ಅಂದಳು,
‘ಯಾರರ ಕೇಳಿದ್ರ ತೋರಸಾಕ ಆಕ್ಕೈತಿ.’